ನಡುಕಂಬದ ಜಾಗ

ಅಕ್ಕತಂಗಿಯರೇ, ಹೊಟ್ಟೆಕಿಚ್ಚು ಯಾರಿಗಿಲ್ಲ ಹೇಳಿ? ಪಕ್ಕದ ಮನೆಯವಳು ಹೊಸ ಬಟ್ಟೆ ಉಟ್ಟರೆ ನಮ್ಮ ಕಣ್ಣು ಅಲ್ಲಿಗೇ ಹೋಗುತ್ತದೆ. ಅದರಲ್ಲೂ ಒಂದೇ ಕೆಲಸ ಮಾಡುವ ಹೆಂಗಸರ ನಡುವಿನ ಕಿಚ್ಚು ಇದ್ದಿಲ ಬೆಂಕಿಯ ಹಾಗೆ. ಹೊಗೆ ಕಾಣುವುದಿಲ್ಲ, ಬಿಸಿ ಆರುವುದಿಲ್ಲ. ನನಗಿದ್ದದ್ದು ಅಂಥ ಕಿಚ್ಚು. ಅದರಿಂದ ಒಬ್ಬಳ ಕಾಲು ಮುರಿಯಿತು. ಅದಕ್ಕೇ ಹೇಳುತ್ತಿದ್ದೇನೆ, ಕೇಳಿ.

ನನ್ನ ಹೆಸರು ನಫೂಲಾ. ಹುಟ್ಟಿದ್ದು ಬುಂಗೋಮಾ ಕಡೆ, ಕಡಲತೀರದ ಈ ಮಾಲಿಂದಿ ಊರಿಗೆ ಬಂದು ಏಳು ವರ್ಷ. ಇಲ್ಲಿ ಸಮುದ್ರದ ದಾರಿಯಲ್ಲಿ ನೀಲಿ ಗೇಟಿನ ಒಂದು ಕ್ಲಬ್ ಇತ್ತು. ನಾನು ಅಲ್ಲಿ ಕುಣಿಯುತ್ತಿದ್ದೆ. ಮೈಮೇಲಿನ ಬಟ್ಟೆ ಒಂದೊಂದಾಗಿ ಕಳಚುತ್ತ ಕುಣಿಯುವ ಕೆಲಸ ಅದು. ಊರಲ್ಲಿ ಅವ್ವ ಕೇಳಿದರೆ ಹೋಟೆಲಿನಲ್ಲಿ ಕೆಲಸ ಎನ್ನುತ್ತಿದ್ದೆ. ನನ್ನ ಮಗಳನ್ನು ಸಾಕುತ್ತಿದ್ದವಳು ಅವ್ವನೇ.

ಕ್ಲಬ್ಬಿನ ಯಜಮಾನ ಮುರಿಥಿ. ಕೆಲಸಕ್ಕೆ ಸೇರಿದ ದಿನ ಅವನು ನನ್ನ ಗುರುತಿನ ಚೀಟಿ ಇಸಿದುಕೊಂಡು, "ಕಳೆದು ಹೋಗುತ್ತೆ, ನನ್ನ ಹತ್ರ ಜೋಪಾನವಾಗಿರ್ಲಿ" ಎಂದ. ಒಂದು ಕಾಗದಕ್ಕೆ ಸಹಿಯನ್ನೂ ಹಾಕಿಸಿಕೊಂಡ. ನಾನು ಓದಲಿಲ್ಲ. ಯಾರೂ ಓದುತ್ತಿರಲಿಲ್ಲ.

ವೇದಿಕೆಯ ಮೇಲೆ ಮೂರು ಕಬ್ಬಿಣದ ಕಂಬಗಳಿದ್ದವು. ಕುಣಿಯುವವರು ಅವನ್ನು ಹಿಡಿದು ಹತ್ತಬೇಕು, ತಿರುಗಬೇಕು, ತಲೆಕೆಳಗಾಗಿ ಇಳಿಯಬೇಕು. ನಡುಕಂಬ ನನ್ನದಾಗಿತ್ತು. ಆರು ವರ್ಷ ನನ್ನದೇ ಆಗಿತ್ತು. ಆಮೇಲೆ ಕೆರಿಚೊ ಕಡೆಯಿಂದ ಚೆರೋನೊ ಬಂದಳು.

ಅವಳಿಗೆ ಇಪ್ಪತ್ತಮೂರು. ನನಗೆ ಆಗ ಮೂವತ್ತು ತುಂಬುತ್ತಿತ್ತು. ಬಂದ ಎರಡನೇ ವಾರಕ್ಕೇ ಮುರಿಥಿ ನಡುಕಂಬವನ್ನು ಅವಳಿಗೆ ಕೊಟ್ಟ. ಗೇಟಿನ ಪಕ್ಕ ಅವಳ ದೊಡ್ಡ ಫೋಟೊ ಹಾಕಿಸಿದ. ನಾವೆಲ್ಲ ಸೋಡಾ ಕ್ರೇಟುಗಳ ಹಿಂದೆ ಪರದೆ ಕಟ್ಟಿಕೊಂಡು ಬಟ್ಟೆ ಬದಲಾಯಿಸುತ್ತಿದ್ದೆವು. ಅವಳಿಗೆ ಮಾತ್ರ ಬಾಗಿಲಿದ್ದ ಕೋಣೆ, ಆಳೆತ್ತರದ ಕನ್ನಡಿ. ಅವಳು ಇರುವುದೂ ಅಲ್ಲೇ. ಸಂತೆಗೆ ಹೋದರೆ ಯಜಮಾನನ ಕಾರು, ಬಂದರೆ ಯಜಮಾನನ ಕಾರು.

ನಾನು ಅವಳನ್ನು ನೋಡುತ್ತಲೇ ಇರುತ್ತಿದ್ದೆ. ಒಂದೇ ಮಂಡಿಯನ್ನು ಕಂಬಕ್ಕೆ ಸುತ್ತಿ ಎರಡೂ ಕೈ ಬಿಡುತ್ತಿದ್ದಳು. ಆರು ವರ್ಷದಲ್ಲಿ ಅದು ನನಗೆ ಬಂದಿರಲಿಲ್ಲ. ನಗುವಾಗ ಮುಂದಿನ ಎರಡು ಹಲ್ಲುಗಳ ನಡುವೆ ಸಂದು ಕಾಣುತ್ತಿತ್ತು. ಅದನ್ನು ಕಂಡರೂ ನನಗೆ ಸಿಟ್ಟು ಬರುತ್ತಿತ್ತು.

ಮುರಿಥಿ ಆ ಬೆಂಕಿಗೆ ದಿನಾ ಒಂದು ಹಿಡಿ ಇದ್ದಿಲು ಹಾಕುತ್ತಿದ್ದ. "ಚೆರೋನೊ ನಿನ್ನನ್ನ ಏನಂತಾಳೆ ಗೊತ್ತಾ? ಅಜ್ಜಿ ಅಂತಾಳೆ" ಎಂದು ನನ್ನ ಕಿವಿಯಲ್ಲಿ ಹೇಳುತ್ತಿದ್ದ. ನಾನು ನಂಬುತ್ತಿದ್ದೆ. ನಂಬುವುದಕ್ಕೆ ಕಾದುಕೊಂಡೇ ಇರುತ್ತಿದ್ದೆ.

ನಮ್ಮ ಕುಣಿತದ ಉಡುಪು ಹೊಲಿಯುತ್ತಿದ್ದವಳು ಬೀ ಝುಹುರಾ. ಹಳೇ ಪೇಟೆಯಲ್ಲಿ ಅವಳ ಹೊಲಿಗೆ ಅಂಗಡಿ. ಐವತ್ತು ದಾಟಿದ ಹೆಂಗಸು, ಮರ್ಯಾದೆಗೆ ನಾವೆಲ್ಲ ಬೀ ಎನ್ನುತ್ತಿದ್ದೆವು. ಎಡಗೈಯಲ್ಲಿ ಎರಡು ಬೆರಳಿಲ್ಲ. ಆದರೂ ಅವಳ ಹೊಲಿಗೆ ಇರುವೆ ಸಾಲಿನಷ್ಟು ನೇರ. ಒಂದು ಬೆಳಿಗ್ಗೆ ನನ್ನ ಅಳತೆ ತೆಗೆಯುತ್ತಿದ್ದಳು.

"ಬೀ, ಚೆರೋನೊದು ಸೊಂಟ ಎಷ್ಟು?" ಎಂದು ಕೇಳಿದೆ.

"ಅದು ಅವಳ ಸೊಂಟ. ನಿನಗ್ಯಾಕೆ? ಕೈ ಎತ್ತು."

"ಸುಮ್ನೆ ಕೇಳ್ದೆ."

"ಸುಮ್ನೆ ಕೇಳೋಳ ಹೊಟ್ಟೆ ಹಿಂಗೆ ಬಿಗಿಯಾಗಿರಲ್ಲ. ಉಸಿರು ಬಿಡು, ಇಲ್ದಿದ್ರೆ ಅಳತೆ ತಪ್ಪುತ್ತೆ." ಪಟ್ಟಿ ಸುತ್ತುತ್ತ ಅವಳು ಮಾತು ಬದಲಿಸಿದಳು. "ಮಂಗಳವಾರ ಇಲ್ಲಿ ಹಿಂದ್ಗಡೆ ನಾವೆಲ್ಲ ಸೇರ್ತೀವಿ. ಬಾರಿನೋರು, ಹೋಟೆಲಿನೋರು, ಮಸಾಜಿನೋರು. ಕೆಲಸದ ಕಷ್ಟಸುಖ ಮಾತಾಡ್ತೀವಿ, ಕಾನೂನಿನ ಮಾತೂ ಇರುತ್ತೆ. ನೀನೂ ಬಾ."

"ಚೆರೋನೊ ಬರ್ತಾಳಾ? ಅವಳು ಬಂದ್ರೆ ನಾನು ಬರಲ್ಲ."

ಬೀ ಝುಹುರಾ ಪಟ್ಟಿಯನ್ನು ಕೊರಳಿಗೆ ಹಾಕಿಕೊಂಡು ನನ್ನನ್ನೇ ನೋಡಿದಳು. "ನಿನ್ನೆ ಅವಳೂ ಇದೇ ಮಾತು ಅಂದ್ಲು. ಹೊರಗೆ ಕಾರಲ್ಲಿ ನಿಮ್ಮ ಯಜಮಾನ ಕಾಯ್ತಿದ್ದ. ಒಂದೇ ಮಾತನ್ನ ನಿಮ್ಮಿಬ್ಬರ ಬಾಯಲ್ಲೂ ಯಾರು ಇಟ್ರೇ?"

'ಅವಳಿಗೆ ಕಾಯುವುದಕ್ಕೆ ಕಾರು ಬೇರೆ' ಎಂದಷ್ಟೇ ನನ್ನ ತಲೆಯಲ್ಲಿ ಓಡಿತು.

ಮುಂದಿನ ಸೋಮವಾರ ನಾನು ತಾಲೀಮಿಗೆ ಎಲ್ಲರಿಗಿಂತ ಮೊದಲೇ ಹೋದೆ. ಯಾಕೆಂದರೆ ಯಾರೂ ಇಲ್ಲದಾಗ ನಡುಕಂಬ ಹತ್ತಿ, ಅವಳು ಮಾಡುವುದನ್ನು ನಾನೂ ಮಾಡಿನೋಡಬೇಕಿತ್ತು. ಅರ್ಧ ಹತ್ತಿದ್ದೆ, ಕಂಬ ಅಲ್ಲಾಡಿತು. ಗಾಬರಿಯಾಗಿ ಇಳಿದೆ. ಬುಡದಲ್ಲಿ ನಾಲ್ಕು ಬೋಲ್ಟು ಇರಬೇಕಾದ ಕಡೆ ಎರಡು ಇರಲೇ ಇಲ್ಲ. ಮೂರನೆಯದು ಬೆರಳಲ್ಲಿ ತಿರುಗಿಸಿದರೆ ತಿರುಗುತ್ತಿತ್ತು.

ನೇರ ಮುರಿಥಿಯ ಕೋಣೆಗೆ ಹೋಗಿ ಹೇಳಿದೆ.

"ಗೊತ್ತು" ಎಂದ ಅವನು. "ಬೆಸುಗೆಯವನು ಹೋದ ವಾರಾನೇ ಹೇಳಿದಾನೆ. ಹಬ್ಬದ ಜನ ಬರ್ತಿದಾರೆ, ಈಗ ನಿಲ್ಸಕ್ಕಾಗಲ್ಲ. ಮುಗೀಲಿ, ಸರಿ ಮಾಡಿಸ್ತೀನಿ."

"ಯಾರಾದ್ರೂ ಬಿದ್ರೆ ಯಜಮಾನ್ರೇ?"

ಅವನು ನಕ್ಕ. "ಯಾರಿಗೂ ಹೇಳಕ್ಕೆ ಹೋಗ್ಬೇಡ. ನಿನ್ನ ಕಂಬ ಅಲ್ವಲ್ಲ ಅದು. ನಿನಗ್ಯಾಕೆ ಚಿಂತೆ?"

ನಿನ್ನ ಕಂಬ ಅಲ್ಲವಲ್ಲ. ಆ ಮಾತು ಮುಳ್ಳಿನ ಹಾಗೆ ಒಳಗಿಳಿಯಿತು. ಹೌದು, ನನ್ನ ಕಂಬ ಅಲ್ಲ. ಯಾರದೋ ಅವರು ನೋಡಿಕೊಳ್ಳಲಿ. ಮೂರು ದಿನ ಹೀಗೇ ಅಂದುಕೊಂಡು ಓಡಾಡಿದೆ.

ಗುರುವಾರ ಮಧ್ಯಾಹ್ನ ತಾಲೀಮು. ಚೆರೋನೊ ಕೈಗೆ ಪುಡಿ ಹಚ್ಚಿಕೊಂಡು ಕಂಬದ ಹತ್ತಿರ ಹೋದಳು. ನನ್ನಿಂದ ಆರು ಹೆಜ್ಜೆ ದೂರ. ಎರಡೇ ಮಾತು ಸಾಕಿತ್ತು: ಕಂಬ ಅಲ್ಲಾಡುತ್ತೆ. ನಾನು ಕೂದಲು ಕಟ್ಟಿಕೊಳ್ಳುತ್ತ ನಿಂತಿದ್ದೆ. ಅವಳು ಹತ್ತಿದಳು, ಮಂಡಿ ಸುತ್ತಿದಳು, ಕೈ ಬಿಟ್ಟಳು. ಕಂಬ ಬುಡದಿಂದ ಕಿತ್ತುಕೊಂಡು ವಾಲಿತು. ಅವಳು ವೇದಿಕೆಯ ಅಂಚಿಗೆ ಬಿದ್ದಳು. ಮಂಡಿಯ ಕೆಳಗೆ ಕಾಲು ಇರಬಾರದ ಕಡೆಗೆ ತಿರುಗಿತ್ತು.

ನಿಮ್ಮ ಮುಂದೆ ಸುಳ್ಳು ಹೇಳುವುದಿಲ್ಲ. ನನ್ನ ಮನಸ್ಸಿಗೆ ಮೊದಲು ಬಂದದ್ದು 'ಅಯ್ಯೋ' ಅಲ್ಲ. 'ನಡುಕಂಬ ಖಾಲಿಯಾಯಿತು' ಎಂದು. ಅಯ್ಯೋ ಆಮೇಲೆ ಬಂತು.

ಮುರಿಥಿ ಅವಳನ್ನು ಟುಕ್‌ಟುಕ್‌ ಆಟೋದಲ್ಲಿ ಮಲಗಿಸಿ ಆಸ್ಪತ್ರೆಗೆ ಕಳಿಸಿದ. ಜೊತೆಗೆ ಮುಂಬುವಾ ಹೋದಳು, ನಮ್ಮಂತೆ ಕುಣಿಯುವವಳೇ. ಬಚ್ಚಲಲ್ಲಿ ಜಾರಿ ಬಿದ್ದಳು ಎಂದು ಹೇಳುವಂತೆ ಮುಂಬುವಾಗೆ ತಾಕೀತು ಮಾಡಿದ್ದ.

ಮರುದಿನ ಬೆಳಿಗ್ಗೆ ನನ್ನನ್ನು ಕರೆಸಿದ. ಮೇಜಿನ ಮೇಲೆ ಒಂದು ಕಾಗದ. ಚೆರೋನೊ ಕುಡಿದಿದ್ದಳು, ಬೇಡವೆಂದರೂ ಕಂಬ ಹತ್ತಿದಳು, ತಪ್ಪು ಅವಳದೇ ಎಂದು ಅದರಲ್ಲಿ ಬರೆದಿತ್ತು. ಕೆಳಗೆ ಮುಂಬುವಾಳ ಸಹಿ ಆಗಲೇ ಇತ್ತು.

"ನೀನೂ ಹಾಕು. ಕಂಬ ಇವತ್ತೇ ಗಟ್ಟಿ ಮಾಡಿಸ್ತೀನಿ. ಅದು ಮತ್ತೆ ನಿಂದೇ. ಗೇಟಲ್ಲಿ ನಿನ್ನ ಫೋಟೊ. ಆ ಕೋಣೆನೂ ನಿಂದು. ತಗೋ ಕೀಲಿ, ಹೋಗಿ ನೋಡ್ಕೊಂಡು ಬಾ."

ಕೀಲಿ ತೆಗೆದುಕೊಂಡೆ. ಹೌದು, ತೆಗೆದುಕೊಂಡೆ. ಆ ಬಾಗಿಲನ್ನು ಎಷ್ಟು ದಿನ ದೂರದಿಂದ ನೋಡಿದ್ದೆನೋ!

ಚಿಲಕ ಹೊರಗಡೆ ಇತ್ತು. ಬಾಗಿಲ ಒಳಮೈಯಲ್ಲಿ ಚಿಲಕ ಕಿತ್ತು ಹಾಕಿದ ನಾಲ್ಕು ತೂತು. ನೆಲದಲ್ಲಿ ತೆಳು ಹಾಸಿಗೆ, ಮೂಲೆಯಲ್ಲಿ ಮುಚ್ಚಳವಿದ್ದ ಒಂದು ಬಕೆಟ್ಟು. ಕಿಟಕಿಗೆ ಸರಳು. ಆ ಬಕೆಟ್ಟು ಯಾತಕ್ಕೆ ಎಂದು ತಿಳಿಯುವುದಕ್ಕೆ ನನಗೆ ಸ್ವಲ್ಪ ಹೊತ್ತು ಬೇಕಾಯಿತು. ತಿಳಿದ ಮೇಲೂ ಆಳೆತ್ತರದ ಕನ್ನಡಿಯ ಮುಂದೆ ಒಂದು ಗಳಿಗೆ ನಿಂತು ನನ್ನನ್ನು ನೋಡಿಕೊಂಡೆ. ಹೊಟ್ಟೆಕಿಚ್ಚು ಅಷ್ಟು ಬೇಗ ಸಾಯುವುದಿಲ್ಲ.

"ಊರಿಗೆ ಫೋನ್ ಮಾಡ್ಬೇಕು, ಮಧ್ಯಾಹ್ನ ಬಂದು ಸಹಿ ಹಾಕ್ತೀನಿ" ಎಂದು ಮುರಿಥಿಗೆ ನೆಪ ಹೇಳಿ ಹೊರಬಿದ್ದೆ. ಕಾಲು ತಾನಾಗಿಯೇ ಬೀ ಝುಹುರಾಳ ಅಂಗಡಿಗೆ ಹೋಯಿತು.

ಅವಳು ಇದ್ದಿಲ ಒಲೆಯ ಮೇಲೆ ಗಂಜಿ ಕಾಯಿಸುತ್ತಿದ್ದಳು. "ಯಾರಿಗೆ ಬೀ?" ಎಂದೆ.

"ಚೆರೋನೊಗೆ. ಆಸ್ಪತ್ರೆಯಿಂದ ಮುಂಬುವಾ ಹೇಳಿ ಕಳಿಸಿದ್ಲು, ಹೋಗಿ ಇಲ್ಲಿಗೇ ಕರ್ಕೊಂಡು ಬಂದೆ. ಒಳಗೆ ಮಲಗಿದಾಳೆ."

"ಹೋದ ವರ್ಷ ಮಲೇರಿಯಾ ಬಂದಾಗ ನನಗೂ ಇದೇ ಪಾತ್ರೇಲಿ ಗಂಜಿ ಮಾಡ್ಕೊಟ್ಟಿದ್ದೆ ನೀನು." ನನ್ನ ದನಿ ನನಗೇ ಅಸಹ್ಯವಾಗಿ ಕೇಳಿಸಿತು.

"ನೋಡಮ್ಮ ಇವಳನ್ನ! ಗಂಜಿಗೂ ಹೊಟ್ಟೆಕಿಚ್ಚಾ?" ಸೌಟು ಕೆಳಗಿಟ್ಟಳು. "ಏನು ಮುಖ ಹಿಂಗಿದೆ? ಏನಾಯ್ತು ಹೇಳು."

ಕಾಗದದ ವಿಷಯ, ಕೋಣೆಯ ವಿಷಯ ಹೇಳಿದೆ. ಬೋಲ್ಟಿನ ವಿಷಯ ಹೇಳಲಿಲ್ಲ. ಅಷ್ಟರಲ್ಲಿ ಚೆರೋನೊಳನ್ನು ನೋಡಲು ಮುಂಬುವಾ ಒಂದು ಪೊಟ್ಟಣ ಮಹಮ್ರಿ, ಎಣ್ಣೆಯಲ್ಲಿ ಕರಿದ ಸಿಹಿ ಬನ್ನು, ತೆಗೆದುಕೊಂಡು ಬಂದಳು. ಅವಳೂ ಬಾಗಿಲಲ್ಲಿ ನಿಂತು ಕೇಳಿಸಿಕೊಂಡಳು.

"ಆ ಕಾಗದಕ್ಕೆ ಸಹಿ ಹಾಕಿದ್ರೆ ಅವಳಿಗೆ ಏನೂ ಸಿಗಲ್ಲ" ಎಂದಳು ಬೀ ಝುಹುರಾ. "ಕೆಲಸದ ಜಾಗದಲ್ಲಿ ಪೆಟ್ಟಾದ್ರೆ ಆಸ್ಪತ್ರೆ ಖರ್ಚು, ಪರಿಹಾರ, ಎರಡೂ ಯಜಮಾನನ ತಲೆ ಮೇಲೆ. ಕಾನೂನು ಹೇಳೋದೇ ಹಂಗೆ. ಅದಕ್ಕೇ ಅವಳು ಕುಡಿದಿದ್ಲು ಅಂತ ಅವನು ಬರೆಸಿರೋದು."

"ನಾವು ಅವನ ಕೆಲಸದೋರೇ ಅಲ್ವಂತೆ ಬೀ" ಎಂದಳು ಮುಂಬುವಾ. "ಸೇರೋವಾಗ ಸಹಿ ಹಾಕಿಸ್ಕೊಂಡ್ನಲ್ಲ, ಅದ್ರಲ್ಲಿ ನಾವು ಅತಿಥಿ ಕಲಾವಿದ್ರು ಅಂತ ಬರೆದಿದ್ಯಂತೆ."

"ಅತಿಥಿಗೆ ಹೊರಗಿಂದ ಚಿಲಕ ಹಾಕ್ತಾರೇನೇ? ತಾಲೀಮಿಗೆ ಲೇಟಾದ್ರೆ ಬೈತಾರಾ? ಎಷ್ಟು ಹೊತ್ತಿಗೆ ಬರ್ಬೇಕು, ಏನು ಉಡ್ಬೇಕು, ಯಾವ ಕಂಬ ಹತ್ಬೇಕು, ಎಲ್ಲ ಅವನೇ ಹೇಳ್ತಾನೆ. ಹಂಗಿದ್ಮೇಲೆ ನೀವು ಅವನ ಕೆಲಸದೋರೇ. ಕಾಗದದಲ್ಲಿ ಏನು ಹೆಸರಿಟ್ರೂ ಕೆಲಸ ಕೆಲಸಾನೇ."

"ನಿನಗೇನು, ಹೇಳ್ತೀಯ" ಎಂದಳು ಮುಂಬುವಾ. "ನಮ್ಮಂಥೋರು ಸರ್ಕಾರದ ಆಫೀಸಿಗೆ ಹೋದ್ರೆ ಮೊದಲು ನಗ್ತಾರೆ, ಆಮೇಲೆ ಪೊಲೀಸ್ರನ್ನ ಕರೀತಾರೆ. ಬಟ್ಟೆ ಬಿಚ್ಚೋಳಿಗೆ ಎಂಥ ಕಾನೂನು?"

ಬೀ ಝುಹುರಾ ಎಡಗೈ ಮುಂದೆ ಚಾಚಿದಳು. "ಇದನ್ನ ನೋಡು. ನಾನು ಹೋಟೆಲಲ್ಲಿ ಬಟ್ಟೆ ಒಗೀತಿದ್ದೆ. ಇಸ್ತ್ರಿ ಮಾಡೋ ಯಂತ್ರಕ್ಕೆ ಕೈ ಸಿಕ್ತು. ನೀನು ದಿನಗೂಲಿ, ನಮ್ಮೋಳಲ್ಲ ಅಂದ್ರು. ಜೊತೇಲಿದ್ದ ಇಬ್ಬರು ಬಂದು ಸಾಕ್ಷಿ ಹೇಳಿದ್ರು, ಪರಿಹಾರ ಸಿಕ್ತು. ಈ ಹೊಲಿಗೆ ಮಿಷನ್ನು ಅದ್ರಿಂದ್ಲೇ ಬಂದಿದ್ದು. ಆ ಹೋಟೆಲಿಗೆ ಒಳ್ಳೇ ಹೆಸರಿತ್ತು, ನಿಮ್ಮ ಕ್ಲಬ್ಬಿಗಿಲ್ಲ. ಅಷ್ಟೇ ವ್ಯತ್ಯಾಸ. ಮುರಿದ ಮೂಳೆಗೆ ಎಲ್ಲಾ ಕಡೆ ಒಂದೇ ನೋವು."

ನಾನು ಗಂಜಿಯ ಬಟ್ಟಲು ತೆಗೆದುಕೊಂಡು ಒಳಗೆ ಹೋದೆ.

ಚೆರೋನೊ ಗೋಡೆಗೆ ಒರಗಿ ಕೂತಿದ್ದಳು. ಕಾಲಿಗೆ ತೊಡೆಯವರೆಗೂ ಪ್ಲಾಸ್ಟರು. ನನ್ನನ್ನು ಕಂಡು ಮುಖ ಗಂಟಿಕ್ಕಿದಳು.

"ನಗಕ್ಕೆ ಬಂದ್ರಾ ಅಕ್ಕ?"

"ಗಂಜಿ ಕೊಡಕ್ಕೆ ಬಂದೆ. ನಿನ್ನ ಕೋಣೆ ನೋಡ್ದೆ."

ಅವಳು ಬಟ್ಟಲು ತೆಗೆದುಕೊಳ್ಳಲಿಲ್ಲ. "ಬಂದ ತಿಂಗಳೇ ಊರಿಗೆ ವಾಪಸ್ ಹೋಗ್ತೀನಿ ಅಂದಿದ್ದೆ. ಅವತ್ತಿಂದ ಚಿಲಕ ಹಾಕಕ್ಕೆ ಶುರು ಮಾಡಿದ. ಗುರುತಿನ ಚೀಟಿ ಅವನ ಹತ್ರ, ಫೋನೂ ಅವನ ಹತ್ರ. ಗೇಟಲ್ಲಿರೋ ಫೋಟೊ ನನ್ನ ಕೇಳಿ ಹಾಕಿದ್ದಲ್ಲ. ಅದನ್ನ ಯಾರೋ ನಮ್ಮಣ್ಣಂಗೆ ಕಳಿಸಿದಾರೆ. ಇನ್ನು ಮನೆಗೆ ಕಾಲಿಡಬೇಡ ಅಂದ್ನಂತೆ."

"ನನಗೇನು ಗೊತ್ತು? ನೀನು ಮೆರೀತಿದ್ದೀಯ ಅಂದ್ಕೊಂಡಿದ್ದೆ."

"ನಾನೂ ನಿಮ್ಮನ್ನ ಕಂಡ್ರೆ ಉರ್ಕೋತಿದ್ದೆ."

"ನನ್ನನ್ನ? ನನ್ನಲ್ಲಿ ಏನಿದೆ ಅಂತ?"

"ಕೆಲಸ ಮುಗಿಸಿ ನೀವು ಕಡಲೆಕಾಯಿ ತಿಂತಾ ನಡ್ಕೊಂಡು ಹೋಗ್ತಿದ್ರಿ. ನಿಮ್ಮ ಪಾಡಿಗೆ ನೀವು, ನಿಮ್ಮ ಮನೆಗೆ. ಸರಳು ಹಿಡ್ಕೊಂಡು ನೋಡ್ತಿದ್ದೆ. ಬಿದ್ದಾದ್ರೂ ಹೋಗಬಾರ್ದಾ ಇವಳು ಅಂತಿದ್ದೆ. ಬಿದ್ದಿದ್ದು ನಾನು."

ಅವಳು ನಕ್ಕಳು. ಹಲ್ಲಿನ ಸಂದು ಕಂಡಿತು. ಆ ನಗುವಿನ ಮುಂದೆ ನನಗೆ ಇನ್ನು ತಡೆಯಲಾಗಲಿಲ್ಲ.

"ಚೆರೋನೊ, ಕಂಬದ ಬೋಲ್ಟು ಸಡಿಲ ಇದ್ದಿದ್ದು ನನಗೆ ಸೋಮವಾರಾನೇ ಗೊತ್ತಿತ್ತು. ಮುರಿಥಿಗೆ ಹೇಳ್ದೆ. ಅವನು ಬಾಯ್ಮುಚ್ಕೊಂಡಿರು ಅಂದ. ಮುಚ್ಕೊಂಡೆ. ನೀನು ಹತ್ತೋವಾಗ್ಲೂ ಸುಮ್ನೆ ನೋಡ್ತಾ ನಿಂತಿದ್ದೆ."

ಅವಳ ನಗು ಮುಖದ ಮೇಲೆ ಹಾಗೇ ನಿಂತಿತು, ಆಮೇಲೆ ಹೋಯಿತು. ಮುಖವನ್ನು ಗೋಡೆಯ ಕಡೆ ತಿರುಗಿಸಿದಳು. "ಹೊರಗೆ ಹೋಗಿ."

ಎದ್ದೆ. ಬಾಗಿಲು ದಾಟುವಾಗ ಅವಳ ದನಿ ಬಂತು. "ಇದನ್ನ ಆಫೀಸಲ್ಲಿ ಹೇಳ್ತೀರಾ?"

"ಹೇಳ್ತೀನಿ."

"ಮೊದಲು ಅಲ್ಲಿ ಹೇಳಿ. ಆಮೇಲೆ ನಿಮ್ಮ ಮುಖ ನೋಡ್ಬೇಕೋ ಬೇಡ್ವೋ ಯೋಚ್ನೆ ಮಾಡ್ತೀನಿ."

ಸೋಮವಾರ ಬೆಳಿಗ್ಗೆ ಕಾರ್ಮಿಕ ಕಚೇರಿಗೆ ಹೋದೆವು. ಬೀ ಝುಹುರಾ ಆಸ್ಪತ್ರೆಯ ಚೀಟಿಗಳನ್ನೆಲ್ಲ ಒಂದು ಚೀಲದಲ್ಲಿ ಹಾಕಿಕೊಂಡಿದ್ದಳು. ಚೆರೋನೊಳನ್ನು ಟುಕ್‌ಟುಕ್‌ನಲ್ಲಿ ಕೂರಿಸಿ, ಅವಳ ಕಾಲನ್ನು ಮುಂಬುವಾ ತನ್ನ ತೊಡೆಯ ಮೇಲೆ ಇಟ್ಟುಕೊಂಡಳು. ಮುಂಬುವಾ ಯಾಕೆ ಬಂದಳು ಎಂದು ನಾನು ಕೇಳಲಿಲ್ಲ.

ಅರ್ಜಿ ಬರೆದುಕೊಳ್ಳುವ ಗುಮಾಸ್ತ ಕೇಳಿದ, "ಕೆಲಸ ಏನು?"

"ಕುಣಿತ" ಎಂದೆ.

ಅವನ ತುಟಿಯಂಚಿನಲ್ಲಿ ನಗು ಕಂಡಿತು. "ಎಂಥ ಕುಣಿತ?"

ಮುಂಬುವಾ ಬಾಗಿಲ ಕಡೆ ನೋಡಿದಳು. ಬೀ ಝುಹುರಾ ಅವನ ಮೇಜಿನ ಮೇಲೆ ಬಗ್ಗಿದಳು. "ಅಪ್ಪಾ, ಆ ಪ್ರಶ್ನೆ ನಿನ್ನ ಫಾರಮ್ಮಿನಲ್ಲಿ ಎಲ್ಲಿದೆ? ಬೆರಳಿಟ್ಟು ತೋರ್ಸು."

ಅವನು ತೋರಿಸಲಿಲ್ಲ. ಬರೆದುಕೊಂಡು ಒಳಗೆ ಕಳಿಸಿದ. ಒಳಗಿದ್ದ ಅಧಿಕಾರಿ ವಯಸ್ಸಾದ ಹೆಂಗಸು. ನಗಲೂ ಇಲ್ಲ, ಮರುಗಲೂ ಇಲ್ಲ. ಯಾವಾಗ, ಎಲ್ಲಿ, ಯಾರಿದ್ದರು ಎಂದಷ್ಟೇ ಕೇಳಿದಳು. ಯಜಮಾನನಿಗೆ ಮೊದಲೇ ಗೊತ್ತಿತ್ತು ಎನ್ನುವುದಕ್ಕೆ ಸಾಕ್ಷಿ ಯಾರು ಎಂದಾಗ ನಾನು ಕೈ ಎತ್ತಿದೆ. ಹಿಂದಿನ ಸೋಮವಾರದ ಮಾತನ್ನು ಒಂದೂ ಬಿಡದೆ ಹೇಳಿದೆ. ಚೆರೋನೊ ಪಕ್ಕದಲ್ಲೇ ಕೂತು ಕೇಳುತ್ತಿದ್ದಳು. ನಾನು ಬಾಯಿ ಮುಚ್ಚಿಕೊಂಡಿದ್ದನ್ನೂ ಹೇಳಿದೆ. ಅದನ್ನು ಬಿಟ್ಟು ಹೇಳಬಹುದಿತ್ತು, ಆಸೆಯೂ ಆಯಿತು. ಬಿಡಲಿಲ್ಲ.

ನಾನು ಮುಗಿಸಿದ ಮೇಲೆ ಮುಂಬುವಾ ಬಾಯಿಬಿಟ್ಟಳು. "ಮೇಡಂ, ಅವಳು ಕುಡಿದಿದ್ಲು ಅಂತ ಸಹಿ ಹಾಕಿದೀನಿ. ಅದು ಸುಳ್ಳು. ಈಗ ವಾಪಸ್ ತಗೋಬಹುದಾ?"

"ನಿಜ ಏನು ಅಂತ ಇಲ್ಲಿ ಬರೆದುಕೊಡಿ" ಎಂದು ಅಧಿಕಾರಿ ಒಂದು ಹಾಳೆ ಮುಂದಿಟ್ಟಳು.

ಎಲ್ಲ ಸುಲಭವಾಗಿ ಮುಗಿಯಿತು ಎಂದುಕೊಳ್ಳಬೇಡಿ. ಮುರಿಥಿ ಅದೇ ವಾರ ನನ್ನನ್ನೂ ಮುಂಬುವಾಳನ್ನೂ ಕೆಲಸದಿಂದ ತೆಗೆದ. ಎರಡು ತಿಂಗಳು ನಾನು ಬಸ್ ನಿಲ್ದಾಣದಲ್ಲಿ ತೆಂಗಿನ ಹಾಲಿನ ತೊಗರಿ ಪಲ್ಯ ಮಾರಿದೆ. ಆದರೆ ತಪಾಸಣೆಯವರು ಕ್ಲಬ್ಬಿಗೆ ಬಂದು ಅವನಿನ್ನೂ ಸರಿ ಮಾಡಿಸಿರದ ಬುಡದ ಬೋಲ್ಟನ್ನೂ ಹೊರಗಿನ ಚಿಲಕವನ್ನೂ ನೋಡಿದರು. ವೇದಿಕೆ ಮುಚ್ಚಿಸಿದರು. ಚಿಲಕದ ವಿಷಯಕ್ಕೆ ಪೊಲೀಸ್ ದೂರು ಬೇರೆ ಆಯಿತು. ಹನ್ನೊಂದು ಗುರುತಿನ ಚೀಟಿ ಅವನ ಮೇಜಿನಿಂದ ಹೊರಬಂದವು. ಗೇಟಿನ ಫೋಟೊ ಇಳಿಯಿತು. ಆಸ್ಪತ್ರೆಯ ಖರ್ಚನ್ನೂ ಚೆರೋನೊಳ ಪರಿಹಾರವನ್ನೂ ಅವನೇ ಕೊಡಬೇಕಾಯಿತು. ತಿಂಗಳುಗಟ್ಟಲೆ ಅಲೆದಾಡಿಸಿದ, ಆದರೆ ಕೊಟ್ಟ.

ನಾನು ಈಗ ಬೇರೆ ಕಡೆ ಕುಣಿಯುತ್ತೇನೆ. ಈ ಸಲ ಕರಾರಿನ ಕಾಗದವನ್ನು ಎರಡು ಸಲ ಓದಿ, ಒಂದು ಪ್ರತಿ ಇಸಿದುಕೊಂಡು ಸಹಿ ಹಾಕಿದೆ. ಬಟ್ಟೆ ಬದಲಾಯಿಸುವ ಕೋಣೆಗೆ ಒಳಗಿನಿಂದ ಚಿಲಕವಿದೆ. ಯಾರು ಮೊದಲು ಬಂದರೂ ಎಲ್ಲ ಕಂಬಗಳ ಬುಡ ನೋಡಿ ಎಲ್ಲರಿಗೂ ಹೇಳುತ್ತೇವೆ.

ಚೆರೋನೊಳ ಕಾಲು ಕೂಡಿತು, ಆದರೆ ಒಂದಿಷ್ಟು ಗಿಡ್ಡವಾಯಿತು. ಅವಳು ಮತ್ತೆ ಕಂಬ ಹತ್ತಲಿಲ್ಲ. ಈಗ ಮಂಗಳವಾರದ ಗುಂಪಿನಲ್ಲಿ ಅರ್ಜಿ ಬರೆದುಕೊಡುವವಳು ಅವಳೇ. ಅಕ್ಷರ ದುಂಡಗೆ, ಮಾತು ನೇರ. ಹೊಸದಾಗಿ ಬಂದ ಹುಡುಗಿಯರು ಎಲ್ಲರನ್ನೂ ದಾಟಿ ಸೀದಾ ಅವಳ ಹತ್ತಿರ ಹೋಗುತ್ತಾರೆ. ನಾನೂ ಏಳು ವರ್ಷದಿಂದ ಈ ಕೆಲಸದಲ್ಲಿರುವವಳು, ನನ್ನನ್ನು ಯಾರೂ ಕೇಳುವುದಿಲ್ಲ. ಹೊಟ್ಟೆ ಉರಿಯುತ್ತದೆ, ಸುಳ್ಳು ಯಾಕೆ ಹೇಳಲಿ? ಒಂದು ದಿನ ಅವಳಿಗೇ ಹೇಳಿಬಿಟ್ಟೆ.

"ಉರ್ಕೊಳ್ಳಿ ಅಕ್ಕ, ಬೇಡ ಅಂದೋರ್ಯಾರು?" ಎಂದು ಪೆನ್ನು ಎತ್ತದೆ ಹೇಳಿದಳು. "ಬಾಯಿ ಮಾತ್ರ ಮುಚ್ಕೋಬೇಡಿ."

ಈ ಮಾತನ್ನೇ ನಿಮಗೂ ಹೇಳುವುದಕ್ಕೆ ಬಂದೆ, ಅಕ್ಕತಂಗಿಯರೇ. ನೀವು ಕುಣಿಯುವವರಿರಬಹುದು, ಮಸಾಜು ಮಾಡುವವರಿರಬಹುದು, ಬಾರಿನಲ್ಲಿ ಗ್ಲಾಸು ತೊಳೆಯುವವರಿರಬಹುದು. ನಿಮ್ಮ ಕೆಲಸ ಕೇಳಿ ಜನ ಮುಖ ತಿರುಗಿಸಬಹುದು. ಆದರೂ ನೀವು ಕೆಲಸದವರೇ. ನಿಮ್ಮ ಗುರುತಿನ ಚೀಟಿ ನಿಮ್ಮ ಚೀಲದಲ್ಲೇ ಇರಲಿ. ಓದದ ಕಾಗದಕ್ಕೂ ಸುಳ್ಳು ಕಾಗದಕ್ಕೂ ಸಹಿ ಬೇಡ. ಕೆಲಸದಲ್ಲಿ ಪೆಟ್ಟಾದರೆ ಆಸ್ಪತ್ರೆಯಲ್ಲಿ ನಡೆದದ್ದನ್ನೇ ಹೇಳಿ, ಅಲ್ಲಿ ಕೊಟ್ಟ ಚೀಟಿ ಎಸೆಯಬೇಡಿ. ತಡಮಾಡದೆ ಕಾರ್ಮಿಕ ಕಚೇರಿಗೆ ಹೋಗಿ. ಒಬ್ಬರೇ ಹೋಗಲು ಅಂಜಿಕೆಯಾದರೆ ಜೊತೆಯವಳನ್ನು ಕರೆದುಕೊಂಡು ಹೋಗಿ. ಮತ್ತೆ, ಯಜಮಾನ ನಿಮ್ಮ ಕಿವಿಯಲ್ಲಿ ಇನ್ನೊಬ್ಬಳ ಮಾತು ಹೇಳಿದರೆ, ಅದು ನಿಜವೇ ಎಂದು ಅವನನ್ನು ಕೇಳಬೇಡಿ. ನೇರ ಅವಳ ಹತ್ತಿರ ಹೋಗಿ ಅವಳನ್ನೇ ಕೇಳಿ. ನಾಳೆ ಅಲ್ಲ, ಇವತ್ತೇ ಕೇಳಿ.